ಹೇಳದೆ ಗೈರಾದರೆ ಸೀನಿಯಾರಿಟಿ ಇಳಿಯಬೇಕೇ?

ಪರ

ಕೇರಳದಲ್ಲಿ ಪಿ.ಎಸ್.ಸಿ. (ಲೋಕಸೇವಾ ಆಯೋಗ) ಮೂಲಕ ಸೇರಿದ ಸರ್ಕಾರಿ ನೌಕರರ ಸೀನಿಯಾರಿಟಿಗೆ ಆಧಾರ ಅಡ್ವೈಸ್ ದಿನಾಂಕ, ಅಂದರೆ ನೇಮಕಕ್ಕೆ ಆಯೋಗ ಅವರ ಹೆಸರನ್ನು ಶಿಫಾರಸು ಮಾಡಿದ ದಿನ. 1958ರ ಸೇವಾ ನಿಯಮಗಳ ಎರಡನೇ ಭಾಗದ 27(ಸಿ) ಹೇಳುವುದು ಇದನ್ನೇ. ಎಷ್ಟು ದಿನ ಕೆಲಸ ಮಾಡಿದರು ಎಂಬ ಲೆಕ್ಕ ಅಲ್ಲಿಲ್ಲ. ಹೀಗಾಗಿ ರಜೆ ಹಾಕದೆ ಎರಡು ವರ್ಷ ಕಾಣೆಯಾದವರು ಸಣ್ಣ ಶಿಕ್ಷೆಯಲ್ಲಿ ಪಾರಾದರೆ, ಮರಳಿದಾಗ ಪಟ್ಟಿಯಲ್ಲಿ ಹಳೆಯ ಜಾಗದಲ್ಲೇ ಇರುತ್ತಾರೆ. ಅವರ ಫೈಲುಗಳನ್ನೂ ಹೊತ್ತ ಕಿರಿಯರು ಅವರ ಕೆಳಗೇ ಉಳಿಯುತ್ತಾರೆ.

ಸಂಬಳ ಹೋಯಿತಲ್ಲ ಎನ್ನುವವರಿದ್ದಾರೆ. ಮಾಡದ ಕೆಲಸಕ್ಕೆ ಸಂಬಳ ಸಿಗದಿರುವುದು ಶಿಕ್ಷೆಯಲ್ಲ, ಇನ್ಕ್ರಿಮೆಂಟ್ ಮುಂದೆ ಹೋಗುವುದೂ ಅಷ್ಟೇ. ಪ್ರೊಬೇಷನ್‌ಗೆ ಮೂರು ವರ್ಷದೊಳಗೆ ಎರಡು ವರ್ಷದ ಡ್ಯೂಟಿ ಬೇಕೆನ್ನುವ ವ್ಯವಸ್ಥೆ, ಅದು ಮುಗಿದ ಮೇಲೆ ಡ್ಯೂಟಿಯನ್ನೇ ಮರೆಯುವುದು ಸರಿಯೇ?

ಕಾಸರಗೋಡಿನಲ್ಲಿ ಇದರ ಪೆಟ್ಟು ಜೋರು. ಗೈರಾದವರ ಹುದ್ದೆ ಕಾಗದದ ಮೇಲೆ ಭರ್ತಿಯಾಗಿಯೇ ಇರುತ್ತದೆ, ಖಾಲಿ ಎಂದು ಪಿ.ಎಸ್.ಸಿ.ಗೆ ವರದಿ ಮಾಡುವಂತಿಲ್ಲ. ಬೆರಳೆಣಿಕೆಯ ಸಿಬ್ಬಂದಿಯ ವಿಲ್ಲೇಜ್ ಆಫೀಸಿನಲ್ಲಿ ಕನ್ನಡ ಬಲ್ಲ ಒಬ್ಬರೇ ಇಲ್ಲವಾದರೆ ಕನ್ನಡದ ಅರ್ಜಿ ಓದುವವರೇ ಇಲ್ಲ.

1960ರ ಶಿಸ್ತು ನಿಯಮಗಳಲ್ಲಿ ಸೀನಿಯಾರಿಟಿ ಪಟ್ಟಿಯಲ್ಲಿ ಕೆಳಗಿಳಿಸುವ ಶಿಕ್ಷೆ ಈಗಲೇ ಇದೆ. ಎಷ್ಟು ಗೈರಿಗೆ ಎಷ್ಟು ಇಳಿಕೆ ಎಂಬ ಅಳತೆ ಮಾತ್ರ ಇಲ್ಲ. ಬೇಕಂತಲೇ ಗೈರಾದದ್ದು ವಿಚಾರಣೆಯಲ್ಲಿ ಸಾಬೀತಾಗಿ, ಅದು 180 ದಿನ ದಾಟಿದ್ದರೆ, ಅಷ್ಟು ದಿನ ಅಡ್ವೈಸ್ ದಿನಾಂಕವನ್ನು ಮುಂದೆ ತಳ್ಳಲಿ. ಮುಷ್ಕರದ ದಿನಗಳಿಗೆ ಡಯಸ್‌ನೋನ್ (ಸಂಬಳವಿಲ್ಲದ, ಕೆಲಸದ ದಿನವೆಂದು ಎಣಿಸದ ದಿನ) ಇದೆ, ಅವನ್ನು ಇದಕ್ಕೆ ಸೇರಿಸಬಾರದು.

ವಿರೋಧ

ದಿನಗಳನ್ನು ಸ್ಥಾನಕ್ಕೆ ಪರಿವರ್ತಿಸುವ ಈ ಲೆಕ್ಕವೇ ನಿಲ್ಲದು. ಅಡ್ವೈಸ್ ದಿನಾಂಕವನ್ನು 200 ದಿನ ಮುಂದೆ ತಳ್ಳಿದಿರಿ ಎನ್ನೋಣ. ಆ 200 ದಿನಗಳಲ್ಲಿ ಆ ಹುದ್ದೆಗೆ ಯಾರಿಗೂ ಅಡ್ವೈಸ್ ಹೋಗಿರದಿದ್ದರೆ ಗೈರಾದವರಿಗೆ ನಷ್ಟವೇ ಇಲ್ಲ. ಮರುವಾರವೇ 40 ಮಂದಿಗೆ ಹೋಗಿದ್ದರೆ 40 ಸ್ಥಾನ ಕೆಳಗೆ. ಆರೇ ಜನರಿದ್ದು ಮೇಲೊಂದೇ ಹುದ್ದೆಯಿರುವ ಸಣ್ಣ ವಿಭಾಗದಲ್ಲಿ ಒಂದು ಸ್ಥಾನ ಜಾರಿದರೂ ನಿವೃತ್ತಿಯೊಳಗೆ (ಹಳೆಯ ಪಿಂಚಣಿಯವರಿಗೆ 56ನೇ ವಯಸ್ಸು) ಬಡ್ತಿ ಬರಲಿಕ್ಕಿಲ್ಲ. ಹಳೆಯ ಪಿಂಚಣಿಗೆ ಕೊನೆಯ ಹತ್ತು ತಿಂಗಳ ಸರಾಸರಿ ಸಂಬಳವೇ ಆಧಾರವಾದ್ದರಿಂದ ಆ ನಷ್ಟ ಸಾಯುವ ತನಕ. ಒಂದೇ ತಪ್ಪಿಗೆ ಒಬ್ಬರಿಗೆ ಏನೂ ಇಲ್ಲ, ಇನ್ನೊಬ್ಬರಿಗೆ ಜೀವಮಾನದ ದಂಡ. ಇದನ್ನು ಅಳತೆ ಎನ್ನಲಾಗದು.

ಪ್ರೊಬೇಷನ್‌ನ ಹೋಲಿಕೆಯೂ ಸರಿಹೊಂದುವುದಿಲ್ಲ. ಪ್ರೊಬೇಷನ್ ನೋಡುವುದು ಯೋಗ್ಯತೆಯನ್ನು, ಸೀನಿಯಾರಿಟಿ ಹೇಳುವುದು ಒಳಬಂದ ಕ್ರಮವನ್ನು.

ಗೈರು ಎಲ್ಲ ಬಾರಿಯೂ ದುರ್ನಡತೆಯಲ್ಲ. ಬೇಕಂತಲೇ ಗೈರಾದದ್ದು ಎಂದು ಸಾಬೀತಾಗದೆ ಅದನ್ನು ದುರ್ನಡತೆ ಎನ್ನಲಾಗದು ಎಂದು ಸುಪ್ರೀಂ ಕೋರ್ಟು 2012ರಲ್ಲಿ ಹೇಳಿದೆ. 2020ರ ಮಾರ್ಚಿನಲ್ಲಿ ಕರ್ನಾಟಕದೊಂದಿಗಿನ ತಲಪಾಡಿಯ ಗಡಿ ಮುಚ್ಚಿದಾಗ ಆಚೆ ಸಿಕ್ಕಿಬಿದ್ದವರನ್ನು ನೆನೆಯಿರಿ. ಇಂದಿಗೂ ದೊಡ್ಡ ಕಾಯಿಲೆಗೆ ಇಲ್ಲಿಯವರು ಓಡುವುದು ಮಂಗಳೂರಿಗೇ. ಐಸಿಯು ಹೊರಗೆ ಕೂತ ಮನೆಯವರಿಗೆ ರಜೆ ಅರ್ಜಿಯ ನೆನಪು ಎಲ್ಲಿಂದ? ವಿಚಾರಣೆಯಲ್ಲಿ ಇದೆಲ್ಲ ಹೊರಬರುತ್ತದೆ ಎನ್ನಬಹುದು. ಆದರೆ ಆರೋಪದ ಮೆಮೊ ಮಲಯಾಳಂನಲ್ಲಿ ಬಂದು, ಅರ್ಥವಾಗುವಷ್ಟರಲ್ಲಿ ಉತ್ತರದ ಅವಧಿ ಮುಗಿದರೆ ವಿಚಾರಣೆ ಏಕಪಕ್ಷೀಯವಾಗುತ್ತದೆ.

ಈಗಿನ ನಿಯಮದಲ್ಲೇ ತಪ್ಪಿತಸ್ಥರಿಗೆ ಬೇಕಾದಷ್ಟು ಬಿಸಿ ಇದೆ. ಉಳಿದವರು ಅದರಲ್ಲಿ ಸಿಲುಕದಿರಲು ಮಾಡಬೇಕಾದದ್ದು ಇಷ್ಟು. ರಜೆ ಅರ್ಜಿಯನ್ನು ವೈದ್ಯಕೀಯ ಸರ್ಟಿಫಿಕೇಟಿನೊಂದಿಗೆ ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ, ರಸೀದಿ ಇಟ್ಟುಕೊಳ್ಳಿ. ಸರ್ಟಿಫಿಕೇಟ್ ಇದ್ದರೆ ಸಂಬಳರಹಿತ ರಜೆಯೂ ಇನ್ಕ್ರಿಮೆಂಟಿಗೆ ಸೇರುತ್ತದೆ, ಇಲ್ಲದಿದ್ದರೆ ಸೇರದು. ಮೆಮೊ ಬಂದರೆ ಅವಧಿಯೊಳಗೆ ಕನ್ನಡ ಅನುವಾದ ಕೇಳಿ, ಹಾಗೆ ಕೇಳಿದ್ದಕ್ಕೂ ದಾಖಲೆ ಇರಲಿ. ಕೆಲಸಕ್ಕೆ ಮರಳಿದ ದಿನವೇ ಆ ಅವಧಿಯನ್ನು ಕ್ರಮಬದ್ಧಗೊಳಿಸಲು ಬರೆದುಕೊಡಿ. ಸರ್ವಿಸ್ ಬುಕ್ಕಿನಲ್ಲೂ ನೌಕರರ ಆನ್‌ಲೈನ್ ದಾಖಲೆಯಾದ ಸ್ಪಾರ್ಕ್‌ನಲ್ಲೂ ಒಂದೇ ರೀತಿ ನಮೂದಾಗಿದೆಯೇ ನೋಡಿ. ಕರಡು ಸೀನಿಯಾರಿಟಿ ಪಟ್ಟಿ ಹೊರಬಂದಾಗ ನಿಮ್ಮ ಅಡ್ವೈಸ್ ದಿನಾಂಕ ತಪ್ಪಿದ್ದರೆ, ಅಂತಿಮ ಪಟ್ಟಿಗೆ ಕಾಯದೆ ಆಕ್ಷೇಪ ಕೊಡಿ.