ಕಿಶಿಯ ರೈಲು, ತಾಳಗುಪ್ಪದ ರೈಲು

ಜಪಾನಿನ ವಾಕಾಯಾಮಾದಿಂದ ಕಿಶಿಗೆ ಹೋಗುವ ಎರಡು ಡಬ್ಬಿಯ ರೈಲಿನ ದಾರಿಯಲ್ಲಿ ಸಿಬ್ಬಂದಿಯೇ ಇಲ್ಲದ ಸಣ್ಣ ಸಣ್ಣ ನಿಲ್ದಾಣಗಳಿವೆ. ಅಂಥದೊಂದರಲ್ಲಿ ಒಂದು ಭಾನುವಾರ ಇಳಿದಾಗ, ಎಪ್ಪತ್ತು ದಾಟಿದ ಹಿರಿಯರೊಬ್ಬರು ಮೊಣಕಾಲೂರಿ ಕುಳಿತು ಪ್ಲಾಟ್‌ಫಾರ್ಮಿನ ಅಂಚಿನ ಕಳೆ ಕೀಳುತ್ತಿದ್ದರು. ರೈಲ್ವೆಯವರೇ ಎಂದು ಕೇಳಿದೆ. ಅಲ್ಲ, ಇದೇ ಊರಿನವನು ಎಂದರು. ನಿವೃತ್ತ ಮೇಷ್ಟ್ರಂತೆ. ಮಾತಿಗೆ ಮಾತು ಬೆಳೆದು, ನಿಮ್ಮ ಊರಿನ ಕಡೆಗೂ ರೈಲಿದೆಯೇ, ನಿಲ್ದಾಣವನ್ನು ಯಾರು ನೋಡಿಕೊಳ್ಳುತ್ತಾರೆ ಎಂದು ವಿಚಾರಿಸಿದರು. ಸರ್ಕಾರ ಎಂದೆ. "ಸರಿ, ಊರಿನವರು?" ಎಂದರು. ಅವರೇನೂ ಚುಚ್ಚಬೇಕೆಂದು ಕೇಳಿದ್ದಲ್ಲ. ಆದರೂ ಚುಚ್ಚಿತು, ಇನ್ನೂ ಚುಚ್ಚುತ್ತಲೇ ಇದೆ.

ಈ ಕಿಶಿಗಾವಾ ರೈಲುಮಾರ್ಗ ಏನೂ ದೊಡ್ಡದಲ್ಲ. ಒಟ್ಟು 14.3 ಕಿಲೋಮೀಟರ್, 14 ನಿಲ್ದಾಣ. 1916ರಲ್ಲಿ ಮೊದಲ ತುಂಡು ಶುರುವಾದದ್ದು ಈ ಕಡೆಯ ಮೂರು ಹಳೆಯ ದೇವಸ್ಥಾನಗಳಿಗೆ ಹೋಗುವ ಭಕ್ತರಿಗಾಗಿ. ಅದರಲ್ಲೊಂದು ಇತಾಕಿಸೊ, ಮರಗಳ ದೇವರ ಸ್ಥಾನ. 1933ರ ಹೊತ್ತಿಗೆ ಹಳಿ ಕಿಶಿ ಮುಟ್ಟಿತು. ಸುತ್ತಲೂ ಗದ್ದೆ, ಕಿತ್ತಳೆ ತೋಟ, ಸ್ಟ್ರಾಬೆರಿ ಬೆಳೆಯುವವರ ಪ್ಲಾಸ್ಟಿಕ್ ಮನೆಗಳು. ಮನೆಮನೆಗೆ ಕಾರು ಬಂದ ಮೇಲೆ ರೈಲು ಖಾಲಿ ಓಡತೊಡಗಿತು. ನಡೆಸುತ್ತಿದ್ದ ನಂಕಾಯ್ ಕಂಪನಿ ನಷ್ಟ ತಡೆಯಲಾಗದೆ 2004ರಲ್ಲಿ ಕೈಬಿಡುವುದಾಗಿ ತಿಳಿಸಿತು.

ಆಗ ಊರಿನವರು ಮಾಡಿದ್ದನ್ನು ನೋಡಿ. ಮೊದಲು ಒಂದು ಸಂಘ ಕಟ್ಟಿ, ವರ್ಷಕ್ಕೆ ಇಷ್ಟು ಎಂದು ಶುಲ್ಕ ಕೊಟ್ಟು ಸಾವಿರಾರು ಮಂದಿ ಸದಸ್ಯರಾದರು. ರೈಲು ಹತ್ತಿ ಉಳಿಸೋಣ ಎಂಬುದೇ ಅವರ ಘೋಷಣೆ. ಉಳಿಸಿಕೊಡಿ ಎಂದು ಮೇಲಿನವರನ್ನು ಕೇಳುವುದಕ್ಕೆ ಮುಂಚೆ ತಾವು ಹತ್ತಬೇಕು ಎನ್ನುವುದನ್ನು ಅವರು ತಮಗೆ ತಾವೇ ಹೇಳಿಕೊಂಡರು. ಆಮೇಲೆ ಸ್ಥಳೀಯ ಆಡಳಿತಗಳು ನೆಲ ಕೊಂಡವು, ಹತ್ತು ವರ್ಷ ನಷ್ಟ ತುಂಬಿಕೊಡಲು ಒಪ್ಪಿದವು. ಒಕಾಯಾಮಾ ಎಂಬ ಬೇರೆ ಊರಿನ ಒಂದು ಟ್ರಾಮ್ ಕಂಪನಿ ಮುಂದೆ ಬಂತು. 2006ರ ಏಪ್ರಿಲ್‌ನಿಂದ ಹೊಸ ಹೆಸರಿನಲ್ಲಿ ಅದೇ ರೈಲು ಓಡಿತು.

ಇದನ್ನು ನಮ್ಮ ಕಡೆಯವರಿಗೆ ಹೇಳಿದರೆ ಎಲ್ಲರೂ ಬೆಕ್ಕಿನ ವಿಷಯಕ್ಕೇ ಬರುತ್ತಾರೆ. ಹೌದು, 2007ರ ಜನವರಿಯಲ್ಲಿ ತಾಮಾ ಎಂಬ ಮೂರು ಬಣ್ಣದ ಬೆಕ್ಕನ್ನು ಕಿಶಿಯ ಸ್ಟೇಷನ್ ಮಾಸ್ಟರ್ ಮಾಡಿ ಟೋಪಿ ಹಾಕಿದರು. ದೂರದೂರದಿಂದ ಜನ ಬಂದರು. 2015ರಲ್ಲಿ ಅದು ಸತ್ತ ಮೇಲೆ ನಿಲ್ದಾಣದಲ್ಲೇ ಗುಡಿಯೂ ಆಯಿತು. ಆದರೆ ಬೆಕ್ಕು ಬಂದದ್ದು ಆಮೇಲೆ. ಅದಕ್ಕೂ ಮೊದಲು ಎರಡು ವರ್ಷ ಊರಿನ ಹೆಂಗಸರು ಕಾರು ಮನೆಯಲ್ಲೇ ಬಿಟ್ಟು ಪೇಟೆಗೆ ರೈಲಿನಲ್ಲಿ ಹೋಗಿ ಸಾಮಾನು ತಂದರು ಎಂದು ಆ ಮೇಷ್ಟ್ರು ಹೇಳಿದರು. ನನಗೆ ದೊಡ್ಡದಾಗಿ ಕಂಡದ್ದು ಅದು. ಚೀಲ ಹೊತ್ತುಕೊಂಡು ಮೆಟ್ಟಿಲು ಇಳಿಯುವುದು ಯಾರಿಗೆ ಬೇಕಿತ್ತು? ಬೇಕಿದ್ದದ್ದು ರೈಲು, ಅದಕ್ಕಾಗಿ ಹೊತ್ತರು.

ಈಗ ನಮ್ಮ ಕಡೆಗೆ ಬರೋಣ. ಬೀರೂರಿನಿಂದ ಶಿವಮೊಗ್ಗಕ್ಕೆ ರೈಲು ಬಂದದ್ದು 1899ರಲ್ಲಿ. ಮೈಸೂರು ಸಂಸ್ಥಾನ 1930ರ ದಶಕದಲ್ಲಿ ಅದನ್ನು ಕುಂಸಿ, ಅರಸಾಳು, ಆನಂದಪುರದ ಕಾಡು ಸೀಳಿಕೊಂಡು ಸಾಗರದತ್ತ ಒಯ್ದಿತು, ಮುಂದೆ ತಾಳಗುಪ್ಪ ಮುಟ್ಟಿಸಿತು. ಜೋಗ ಅಲ್ಲಿಂದ ಹೆಚ್ಚು ದೂರವಲ್ಲ. ಆ ಮಳೆಯಲ್ಲಿ, ಆ ಮಲೇರಿಯಾದಲ್ಲಿ ಹಳಿ ಹಾಸಿದವರು, ಹಳಿ ನೋಡಿಕೊಳ್ಳುವ ಗ್ಯಾಂಗಿನಲ್ಲಿ ಸುತ್ತಿಗೆ ಹಿಡಿದು ನಡೆದವರು ಯಾವ ಊರಿನವರು, ಅವರ ಮಕ್ಕಳು ಈಗ ಎಲ್ಲಿದ್ದಾರೆ? ನಮ್ಮ ಮನೆಯಲ್ಲಿ ಯಾರನ್ನು ಕೇಳಿದರೂ ಉತ್ತರವಿಲ್ಲ. 1951ರಲ್ಲಿ ಕಾಗೋಡು ಸತ್ಯಾಗ್ರಹಕ್ಕೆ ಬಂದ ರಾಮಮನೋಹರ ಲೋಹಿಯಾ ಅವರನ್ನು ಪೊಲೀಸರು ಬಂಧಿಸಿದ್ದು ಸಾಗರದ ರೈಲು ನಿಲ್ದಾಣದಲ್ಲಿ. ಉಳುವವನಿಗೆ ನೆಲ ಎಂಬ ಮಾತಿಗೆ ಈ ರಾಜ್ಯದಲ್ಲಿ ಕಸುವು ಬಂದ ಹೋರಾಟ ಅದು. ನನ್ನ ತಮ್ಮನ ಮಕ್ಕಳು ಅದೇ ಸಾಗರದಲ್ಲಿ ಓದಿದವರು, ಅವರ ಕಿವಿಗೆ ಇದು ಬಿದ್ದಿರಲಿಲ್ಲ. ಕಿಶಿಯ ದಾರಿಯ ಆ ನಿಲ್ದಾಣದಲ್ಲಾದರೆ ಯಾವ ವರ್ಷ ಯಾವ ಬಣ್ಣದ ಡಬ್ಬಿ ಬಂತು ಎನ್ನುವುದನ್ನು ಕೂಡ ಶಾಲೆಯ ಮಕ್ಕಳು ಚಿತ್ರ ಬರೆದು ಅಂಟಿಸಿದ್ದರು.

ನಮ್ಮದು ಮನವಿ ಪತ್ರದ ದಾರಿ. ಬ್ರಾಡ್‌ಗೇಜ್ ಬೇಕು ಎಂದು ನನ್ನ ಚಿಕ್ಕಪ್ಪ ಎಷ್ಟು ಮನವಿಗೆ ಸಹಿ ಹಾಕಿದರೋ, ಎಷ್ಟು ಸಭೆಯಲ್ಲಿ ಕುಳಿತರೋ. ಅಡಿಕೆ ಕೊನೆ ಕೊಯ್ಲಿನ ದಿನಗಳಲ್ಲೂ ತೋಟ ಬಿಟ್ಟು ಹೋಗುತ್ತಿದ್ದರು. 2011ರಲ್ಲಿ ದೊಡ್ಡ ಹಳಿಯ ರೈಲು ತಾಳಗುಪ್ಪ ತಲುಪಿದಾಗ ಹಾರ ಹಾಕಿದವರ ಸಾಲಿನಲ್ಲಿ ಅವರೂ ಇದ್ದರು. ಮುಂದಿನ ಸಲ ನಾನು ಊರಿಗೆ ಹೋದಾಗ, ಶಿವಮೊಗ್ಗಕ್ಕೆ ರೈಲಿನಲ್ಲೇ ಹೋಗೋಣ ಚಿಕ್ಕಪ್ಪ ಎಂದರೆ, "ಅದ್ಯಾಕ್ ಮಾರಾಯ, ಸ್ಟೇಷನ್ನಿಗೆ ಹೋಗೋ ಹೊತ್ತಿಗೆ ಬಸ್ಸು ಅರ್ಧ ದಾರಿ ಹೋಗಿರ್ತದೆ" ಎಂದುಬಿಟ್ಟರು. ರೈಲು ಬರಬೇಕಿತ್ತು, ಬಂತು, ಅಲ್ಲಿಗೆ ಮುಗಿಯಿತು. ಊರಿಗೆ ಬಂದ ರೈಲನ್ನು ನಾವು ಮಾರಿಜಾತ್ರೆಯ ದೇವಿಯ ಹಾಗೆ ಮೆರವಣಿಗೆ ಮಾಡಿ ಬರಮಾಡಿಕೊಳ್ಳುತ್ತೇವೆ, ಮಾರನೇ ದಿನದಿಂದ ಆ ಕಡೆ ತಲೆ ಹಾಕುವುದಿಲ್ಲ.

ನಮ್ಮ ಕಡೆಯ ಒಂದು ನಿಲ್ದಾಣದ ಹಿಂದೆ ನಾನು ಚಿಕ್ಕವನಿದ್ದಾಗ ದೊಡ್ಡ ಸಂಪಿಗೆ ಮರವಿತ್ತು. ಮಳೆಗಾಲದಲ್ಲಿ ಬಿದ್ದದ್ದನ್ನು ಯಾರೋ ಕಡಿದು ಒಯ್ದರು. ಇನ್ನೊಂದು ನೆಡೋಣ ಎಂದು ಯಾರಿಗೂ ಹೊಳೆಯಲಿಲ್ಲ, ಅದು ರೈಲ್ವೆಯವರ ಜಾಗ ಎನ್ನುವ ಭಯ. ಹೇಳಿ ನೋಡಿದೆ. "ಪರ್ಮಿಶನ್ ಯಾರ್ ಕೊಡ್ತಾರೆ" ಎಂದರು. ಕೇಳಿದವರಾದರೂ ಯಾರಿದ್ದಾರೆ?

ಅರಸಾಳಿನ ಹಳೆಯ ನಿಲ್ದಾಣ ಉಳಿದಿದೆ, ಅದನ್ನು ಹೇಳದಿದ್ದರೆ ತಪ್ಪಾಗುತ್ತದೆ. ಶಂಕರ್‌ನಾಗ್ ‘ಮಾಲ್ಗುಡಿ ಡೇಸ್’ ಧಾರಾವಾಹಿಯನ್ನು ಅಲ್ಲಿ ಚಿತ್ರೀಕರಿಸಿದ್ದರಿಂದ ಅದು ಮ್ಯೂಸಿಯಂ ಆಗಿದೆ. ಸಂತೋಷವೇ. ಆದರೂ ಒಂದು ಮಾತು ಮನಸ್ಸಿನಲ್ಲಿ ಉಳಿಯುತ್ತದೆ: ಆ ಕಟ್ಟಡಕ್ಕೆ ಮಾನ ಸಿಕ್ಕಿದ್ದು ಅದು ಬೇರೊಂದು ಊರಾಗಿ ನಟಿಸಿದ್ದಕ್ಕೆ. ಅರಸಾಳಾಗಿಯೇ ಅದು ಮಾಡಿದ ಕೆಲಸವೂ ಇದೆಯಲ್ಲ, ಮರದ ದಿಮ್ಮಿ, ಅಡಿಕೆ ಮೂಟೆ, ಬಸುರಿ ಹೆಣ್ಣುಮಕ್ಕಳು, ಪರೀಕ್ಷೆಗೆ ಹೊರಟ ಹುಡುಗರು.

ಇಷ್ಟೆಲ್ಲ ಬರೆದು, ಹೇಳಲು ಮನಸ್ಸಿಲ್ಲದ ಇನ್ನೊಂದು ಸಂಗತಿಯನ್ನೂ ಹೇಳಬೇಕು. ಕಿಶಿಯ ಜನ ಹೋರಾಡಿದ್ದು ಕಳೆದುಕೊಳ್ಳುವ ಭಯ ನಿಜವಾಗಿಯೂ ಇದ್ದದ್ದರಿಂದ. 1980ರ ಕಾನೂನಿನ ನಂತರ ಜಪಾನ್ ತನ್ನ 83 ಕವಲು ಮಾರ್ಗಗಳನ್ನು ರಾಷ್ಟ್ರೀಯ ರೈಲ್ವೆಯಿಂದ ಕಳಚಿಹಾಕಿತು. ಕೆಲವು ಬೇರೆಯವರ ಕೈಗೆ ಹೋದವು, ಉಳಿದ ಕಡೆ ಹಳಿಯೇ ಹೋಗಿ ಬಸ್ಸು ಬಂತು. ಹೊಕ್ಕೈಡೊದಲ್ಲಿ ಹಿದಾಕಾ ಮಾರ್ಗದ ಬಹುಪಾಲು 2021ರಲ್ಲಿ ಮುಚ್ಚಿತು. ಅಲ್ಲಿಯ ಊರಿನವರೂ ಹೂಗಿಡ ನೆಟ್ಟವರೇ ಇದ್ದಿರಬೇಕು, ಹತ್ತಲು ಜನರೇ ಉಳಿದಿರಲಿಲ್ಲ. ನಮ್ಮಲ್ಲಿ 1992ರಿಂದ ಒಂದೇ ಗೇಜ್ ಮಾಡುವ ಯೋಜನೆಯಲ್ಲಿ ತಾಳಗುಪ್ಪದಂಥ ಕೊನೆಯ ಊರಿಗೂ ಹಳಿ ಅಗಲವಾಯಿತು. ಒಂದು ಕಾಲದಲ್ಲಿ ರೈಲ್‌ಬಸ್ಸು ಬಿಟ್ಟು ಕೈತೊಳೆದುಕೊಂಡರೇನೋ ಎನ್ನುವ ಹಾಗಿದ್ದ ದಾರಿಯಲ್ಲಿ ಇವತ್ತು ಮೈಸೂರು, ಬೆಂಗಳೂರಿನ ರೈಲುಗಳು ಬಂದು ನಿಲ್ಲುತ್ತವೆ. ನಾನು ಹೀಗಳೆದ ಆ ಮನವಿ ಪತ್ರಗಳಿಗೂ ಅದರಲ್ಲಿ ಪಾಲಿದೆ. ಚಿಕ್ಕಪ್ಪ ಆ ರೈಲು ಹತ್ತದೆ ಇರಬಹುದು, ತರುವುದಕ್ಕೆ ಸವೆಸಿದ ಚಪ್ಪಲಿ ಅವರದೇ.

ಮೊನ್ನೆ ತಮ್ಮನ ಮಗನಿಗೆ ಫೋನ್ ಮಾಡಿದ್ದೆ. ಈಗ ಶಿವಮೊಗ್ಗದಲ್ಲಿ ಓದುತ್ತಾನೆ, ದಿನಾ ಬೆಳಗಿನ ರೈಲಿಗೆ ಹೋಗುತ್ತಾನೆ. "ದೊಡ್ಡಪ್ಪ, ಆನಂದಪುರ ದಾಟಿದ್ರೆ ನಿಲ್ಲೋಕೂ ಜಾಗ ಇರಲ್ಲ" ಎಂದ. ಹತ್ತಿ ಉಳಿಸು ಎಂದು ಅವನಿಗೆ ಹೇಳುವ ಅಗತ್ಯವೇ ಇಲ್ಲ. ಹಾಗಾಗಿ ಬೇರೆ ಕೆಲಸ ಒಪ್ಪಿಸಿದ್ದೇನೆ. ನಮ್ಮ ಕೇರಿಯ ಹಿಂದೆ ಗ್ಯಾಂಗಿನಲ್ಲಿ ದುಡಿದು ನಿವೃತ್ತರಾದವರೊಬ್ಬರಿದ್ದಾರೆ, ಕಿವಿ ಮಂದ, ನೆನಪು ಚುರುಕು. ದಸರಾ ರಜೆಯಲ್ಲಿ ಅವರ ಮುಂದೆ ಕುಳಿತು ಮೊಬೈಲಿನಲ್ಲಿ ಎಲ್ಲ ರೆಕಾರ್ಡ್ ಮಾಡಿಕೊ, ಅವರ ಅಪ್ಪ ಯಾವ ಊರಿನಿಂದ ಹಳಿಯ ಕೆಲಸಕ್ಕೆ ಬಂದರು ಎನ್ನುವುದರಿಂದ ಶುರು ಮಾಡು ಎಂದಿದ್ದೇನೆ. ಒಪ್ಪಿದ್ದಾನೆ. ಸಂಪಿಗೆ ಸಸಿಗೆ ಯಾರ ಹತ್ತಿರ ಅರ್ಜಿ ಕೊಡಬೇಕು ಎನ್ನುವುದನ್ನೂ ಅವನೇ ವಿಚಾರಿಸುತ್ತಾನಂತೆ.