ಗ್ಯಾಲಪಗೋಸ್ ಆಮೆಗಳ ಕುರಿತ ಸಂದೇಶ: ಒಂದು ಸ್ಪಷ್ಟನೆ

‘ಗ್ಯಾಲಪಗೋಸ್ ದ್ವೀಪಗಳ ದೈತ್ಯ ಆಮೆಗಳು 2012ರಲ್ಲೇ ನಿರ್ನಾಮವಾದವು, ಅವುಗಳ ಹೆಸರಿನಲ್ಲಿ ಸಾವಿರಾರು ಆಡುಗಳನ್ನು ಸುಮ್ಮನೆ ಕೊಂದರು’ ಎಂಬ ಸಂದೇಶವೊಂದು ಕಾಸರಗೋಡು, ಮಂಜೇಶ್ವರ ಭಾಗದ ವಾಟ್ಸ್‌ಆ್ಯಪ್ ಗುಂಪುಗಳಲ್ಲಿ ಹರಿದಾಡುತ್ತಿದೆ. ಗ್ಯಾಲಪಗೋಸ್ ಎಂದರೆ ಶಾಂತ ಸಾಗರದಲ್ಲಿ ಇಕ್ವೆಡಾರ್ ದೇಶಕ್ಕೆ ಸೇರಿದ ದ್ವೀಪಸಮೂಹ. ಈ ಸಂದೇಶದಲ್ಲಿ ವರ್ಷವೊಂದು ಸರಿ, ತೀರ್ಮಾನ ತಪ್ಪು.

2012ರ ಜೂನ್ 24ರಂದು ಸತ್ತದ್ದು ‘ಲೋನ್ಸಮ್ ಜಾರ್ಜ್’ ಎಂಬ ಗಂಡಾಮೆ. ಅದರೊಂದಿಗೆ ಕೊನೆಗೊಂಡದ್ದು ಈ ಸಮೂಹದ ಪಿಂಟಾ ದ್ವೀಪದ ಪ್ರಭೇದ ಮಾತ್ರ. ಎಸ್ಪಾನ್ಯೋಲಾ ದ್ವೀಪದಲ್ಲಿ ಹನ್ನೆರಡು ಹೆಣ್ಣು, ಎರಡು ಗಂಡು ಮಾತ್ರ ಉಳಿದಿದ್ದಾಗ ಅವುಗಳನ್ನು ಪಕ್ಕದ ಸಾಂಟಾ ಕ್ರೂಸ್ ದ್ವೀಪಕ್ಕೆ ತಂದು, ಅಮೆರಿಕದ ಸ್ಯಾನ್ ಡಿಯಾಗೊ ಮೃಗಾಲಯದಲ್ಲಿದ್ದ ಇನ್ನೊಂದು ಗಂಡನ್ನೂ ಸೇರಿಸಿ ಬೆಳೆಸಿದ ಸಂತತಿ ಇಂದು ಸಾವಿರವನ್ನು ದಾಟಿದೆ. ಆ ಹಿರಿಯ ಆಮೆಗಳೂ 2020ರ ಜೂನ್‌ನಲ್ಲಿ ಸ್ವಂತ ದ್ವೀಪಕ್ಕೆ ಮರಳಿದವು.

ಆಡುಗಳನ್ನು ಕೊಂದದ್ದು ನಿಜ, ಸುಮ್ಮನೆ ಎಂಬುದು ಸುಳ್ಳು. ಆಡು ಮುಟ್ಟದ ಸೊಪ್ಪಿಲ್ಲವೆಂಬುದು ನಮಗೇನೂ ಹೊಸತಲ್ಲ. ಇಸಬೆಲಾ ದ್ವೀಪದ ಆಲ್ಸೆಡೊ ಜ್ವಾಲಾಮುಖಿಯ ಅಂಚಿನಲ್ಲಿ ಮಂಜು ಮರಗಳ ಎಲೆಗಳಿಗೆ ತಾಗಿ ತೊಟ್ಟಿಕ್ಕಿ, ಬುಡದಲ್ಲಿ ಸಣ್ಣ ಹೊಂಡಗಳಾಗಿ ನಿಲ್ಲುತ್ತದೆ. ಒಣಗಾಲದಲ್ಲಿ ಆಮೆಗಳು ಕುಡಿಯುವುದು ಆ ನೀರನ್ನೇ. ಮನುಷ್ಯರು ತಂದುಬಿಟ್ಟ ಆಡುಗಳು ಆ ಹಸಿರನ್ನು ಬೋಳಿಸಿದ್ದರಿಂದ ಆಮೆಗಳಿಗೆ ನೆರಳೂ ನೀರೂ ಇಲ್ಲವಾಯಿತು. 1997ರಲ್ಲಿ ಆರಂಭವಾದ ಆಡು ನಿರ್ಮೂಲನ ಯೋಜನೆ 2006ರಲ್ಲಿ ಮುಗಿಯುವ ಹೊತ್ತಿಗೆ ಪಿಂಟಾ, ಸ್ಯಾಂಟಿಯಾಗೊ ಮತ್ತು ಉತ್ತರ ಇಸಬೆಲಾದಲ್ಲಿ ಕಾಡು ಮತ್ತೆ ಚಿಗುರತೊಡಗಿತ್ತು.

ಕೆಲವರು ಈ ಸಂದೇಶದೊಂದಿಗೆ ನಮ್ಮ ಚಂದ್ರಗಿರಿ ಹೊಳೆಯ ಭೀಮನಾಮೆಯ ಚಿತ್ರವನ್ನೂ ಅಂಟಿಸಿದ್ದಾರೆ. ಅದು ಮೆದುಚಿಪ್ಪಿನ ನೀರಾಮೆ. ಗ್ಯಾಲಪಗೋಸ್‌ನ ನೆಲದಾಮೆಗೂ ಅದಕ್ಕೂ ಹತ್ತಿರದ ನಂಟಿಲ್ಲ.