ಎರಡು ಕಣ, ಒಬ್ಬ ಕಾಕಾ

2020ರ ಡಿಸೆಂಬರ್. ಬ್ಯಾಡಗಿ ಸೀಮೆಯ ನಮ್ಮೂರಲ್ಲಿ ಎರಡು ಕಣ ಒಟ್ಟಿಗೇ ಬಿದ್ದಿದ್ದವು. ಒಂದು ಗ್ರಾಮ ಪಂಚಾಯಿತಿ ಚುನಾವಣೆಯದು, ಇನ್ನೊಂದು ಮೆಣಸಿನಕಾಯಿ ಒಣಹಾಕಿದ್ದು. ನಮ್ಮ ಕಾಕಾ ಎರಡರಲ್ಲೂ ಇದ್ದರು. ನಾಮಪತ್ರ ಕೊಟ್ಟು ಬಂದ ರಾತ್ರಿ ಮೂವರು ಬಂದು ಕಟ್ಟೆ ಮೇಲೆ ಕೂತರು. ಚಹಾ ಕುಡಿದರು. ಎದ್ದು ಹೊರಟಾಗ ಒಬ್ಬ ಅಂದ: "ಕಾಕಾ, ಕಣದಾಗ ಮಾಲ್ ಭಾಳ ಐತಿ. ಒಣಗಿದ ಮೆಣಸಿನಕಾಯಿ, ಒಂದು ಬೀಡಿ ಬಿದ್ರ ಮುಗೀತು. ನೋಡಕೋರಿ."

ಅಷ್ಟೇ. ಬೈಗುಳ ಇಲ್ಲ, ಮಚ್ಚು ಇಲ್ಲ.

ಮರುದಿನ ನಾನು ಠಾಣೆಗೆ ಹೋದೆ. ಅಲ್ಲಿದ್ದವರು ಪೂರ್ತಿ ಕೇಳಿಸಿಕೊಂಡು, "ಬೆಂಕಿ ಬಗ್ಗೆ ಹುಷಾರಿರ್ರಿ ಅಂದ್ರ ಅದು ಬೆದರಿಕಿ ಹೆಂಗ ಆಕ್ಕತ್ರಿ?" ಅಂದರು. ನನಗೆ ಉತ್ತರ ಹೊಳೆಯಲಿಲ್ಲ. ಕಾಕಾ ನಾಮಪತ್ರ ವಾಪಸ್ ತಗೊಂಡರು. ಊರಲ್ಲಿ ಗುಲಾಲು ಹಾರಿತು, ಅವಿರೋಧ ಆಯ್ಕೆ ಅಂತ ಬ್ಯಾನರ್ ಕಟ್ಟಿದರು.

ಅಭ್ಯರ್ಥಿಗೆ ಪೊಲೀಸ್ ರಕ್ಷಣೆ ಕೊಡಿ ಅಂತ ಕೋರ್ಟು ಆದೇಶ ಮಾಡಿದ ಸುದ್ದಿ ಓದಿದಾಗೆಲ್ಲ ನನಗೆ ಆ ಬೀಡಿ ಮಾತು ನೆನಪಾಗುತ್ತದೆ. ಆದೇಶ ಬೇಡ ಅಂತಲ್ಲ. 2016ರ ಜೂನ್‌ನಲ್ಲಿ ಧಾರವಾಡದಲ್ಲಿ ಜಿಲ್ಲಾ ಪಂಚಾಯಿತಿ ಸದಸ್ಯರೊಬ್ಬರನ್ನು ಅವರ ಜಿಮ್‌ನಲ್ಲೇ ಕೊಂದದ್ದು ನಮ್ಮ ಕಡೆಯವರು ಮರೆತಿಲ್ಲ. ಗನ್‌ಮ್ಯಾನ್ ಬೇಕಾದವರಿಗೆ ಬೇಕೇ ಬೇಕು. ಆದರೆ ಗನ್‌ಮ್ಯಾನ್ ನಿಲ್ಲುವುದು ಅಭ್ಯರ್ಥಿಯ ಪಕ್ಕ. ಕಣ ಕಾಯುವವರು ಯಾರು? ಅಭ್ಯರ್ಥಿಯ ನಾಮಪತ್ರಕ್ಕೆ ಸೂಚಕ ಅಂತ ಸಹಿ ಹಾಕಿದ ಬಡವನ ಮನೆ ಮುಂದೆ ಯಾರು ನಿಲ್ಲುತ್ತಾರೆ?

ಇನ್ನು ಟೈಮ್. ನಾಮಪತ್ರ ಕೊಡೋ ಕೊನೆಯ ದಿನಕ್ಕೂ ವಾಪಸ್ ತಗೊಳ್ಳೋ ಕೊನೆಯ ದಿನಕ್ಕೂ ನಡುವೆ ಎರಡು-ಮೂರು ದಿನ. ಆಟ ಎಲ್ಲ ನಡೆಯುವುದು ಅಷ್ಟರಲ್ಲೇ. ನಮ್ಮೂರಿಂದ ಧಾರವಾಡದ ಹೈಕೋರ್ಟ್ ಪೀಠಕ್ಕೆ ನೂರು ಕಿಲೋಮೀಟರ್ ಮೇಲಾಗುತ್ತದೆ. 2008ಕ್ಕೆ ಮುಂಚೆ ಆಗಿದ್ದರೆ ಬೆಂಗಳೂರಿಗೇ ಓಡಬೇಕಿತ್ತು, ಅದು ಬೇರೆ ಮಾತು. ವಕೀಲರನ್ನು ಹಿಡಿದು, ಅರ್ಜಿ ಹಾಕಿ, ಅದು ಬೆಂಚಿನ ಮುಂದೆ ಬರುವ ಹೊತ್ತಿಗೆ ಇಲ್ಲಿ ಗುಲಾಲು ಹಾರಿರುತ್ತದೆ. ಒಮ್ಮೆ ಆಯ್ಕೆ ಘೋಷಣೆ ಆಯಿತೋ, ಪಂಚಾಯಿತಿ ಚುನಾವಣೆಯನ್ನು ಕೋರ್ಟಿನಲ್ಲಿ ನೇರವಾಗಿ ಪ್ರಶ್ನಿಸಬಾರದು ಅನ್ನೋ ಸಂವಿಧಾನದ 243-ಓ ವಿಧಿ ಅಡ್ಡ ಬರುತ್ತದೆ. ಆಮೇಲೆ ಉಳಿಯುವುದು ಚುನಾವಣಾ ತಕರಾರು ಅರ್ಜಿ ಒಂದೇ. ಬೀಡಿ ಮಾತಿಗೆ ಸಾಕ್ಷಿ ಎಲ್ಲಿಂದ ತರೋದು?

ಪಶ್ಚಿಮ ಬಂಗಾಳದಲ್ಲಿ ಇದು ದೊಡ್ಡ ಪ್ರಮಾಣದಲ್ಲೇ ಆಯಿತು. 2018ರ ಪಂಚಾಯಿತಿ ಚುನಾವಣೆಯಲ್ಲಿ 20 ಸಾವಿರಕ್ಕೂ ಜಾಸ್ತಿ ಸೀಟುಗಳಿಗೆ, ಅಂದರೆ ಸುಮಾರು ಶೇ. 34ರಷ್ಟಕ್ಕೆ, ಮತದಾನವೇ ನಡೆಯಲಿಲ್ಲ. ನಾಮಪತ್ರ ಹಾಕೋಕೇ ಬಿಡಲಿಲ್ಲ ಅನ್ನೋದು ವಿರೋಧ ಪಕ್ಷಗಳ ದೂರು. ಸುಪ್ರೀಂ ಕೋರ್ಟ್ ಆ ಫಲಿತಾಂಶ ರದ್ದು ಮಾಡಲಿಲ್ಲ, ತಕರಾರು ಅರ್ಜಿ ಹಾಕಿಕೊಳ್ಳಿ ಅಂದಿತು. 2023ರಲ್ಲಿ ಕಲ್ಕತ್ತಾ ಹೈಕೋರ್ಟ್ ಮೊದಲೇ ಕೈ ಹಾಕಿತು. ಕೆಲವು ಅಭ್ಯರ್ಥಿಗಳನ್ನು ಪೊಲೀಸರೇ ಕರೆದುಕೊಂಡು ಹೋಗಿ ನಾಮಪತ್ರ ಹಾಕಿಸಲಿ ಅಂತ ಹೇಳಿತು. ಗನ್‌ಮ್ಯಾನ್‌ಗಿಂತ ಈ ದಾರಿ ನನಗೆ ಹಿಡಿಸಿತು. ಇದರಲ್ಲಿ ಕಾಯುವುದು ಒಬ್ಬ ಮನುಷ್ಯನನ್ನಷ್ಟೇ ಅಲ್ಲ, ನಾಮಪತ್ರವನ್ನೂ.

ಹಾಗಾದರೆ ವಾಪಸಾತಿಗೂ ಅದೇ ಕಾವಲು ಯಾಕೆ ಬೇಡ? ಚುನಾವಣಾಧಿಕಾರಿ ಅಭ್ಯರ್ಥಿಯನ್ನು ಒಬ್ಬರನ್ನೇ ಒಳಗೆ ಕೂರಿಸಿ, "ನೀವಾಗೇ ತಗೋತೀರೇನ್ರಿ?" ಅಂತ ಒಂದು ಮಾತು ಕೇಳಲಿ. ಬಾಗಿಲ ಹೊರಗೆ ನಾಲ್ಕು ಜನ ಮೋಟರ್‌ಸೈಕಲ್ ಸ್ಟಾರ್ಟ್ ಮಾಡಿಕೊಂಡು ಯಾಕೆ ನಿಂತಿದ್ದಾರೆ ಅಂತ ಠಾಣೆಯವರು ಕೇಳಲಿ. ಚುನಾವಣೆ ಬಂತೆಂದರೆ ಹಂದಿ ಓಡಿಸೋಕೆ ಇಟ್ಟುಕೊಂಡ ರೈತನ ಲೈಸೆನ್ಸ್ ಬಂದೂಕನ್ನು ತಪ್ಪದೆ ಜಮಾ ಮಾಡಿಸಿಕೊಳ್ಳುತ್ತಾರಲ್ಲ, ಅಷ್ಟೇ ಶಿಸ್ತು ಇಲ್ಲೂ ತೋರಿಸಲಿ. ಆ ಮೂವರಿಂದ ಒಂದು ಮುಚ್ಚಳಿಕೆ ಬರೆಸಿಕೊಂಡಿದ್ದರೂ ನಮ್ಮ ಕಾಕಾ ನಿಲ್ಲುತ್ತಿದ್ದರು. ಅದಕ್ಕೆ ಹೈಕೋರ್ಟೇ ಬೇಕಾ?

ಮೊನ್ನೆ ಊರಿಗೆ ಹೋದಾಗ ಕೇಳಿದೆ, "ಕಾಕಾ, ಮುಂದಿನ ಸಲ ನಿಲ್ತೀರೇನ್ರಿ?"

"ಡಿಸೆಂಬರ್ ಬಿಟ್ಟು ಬ್ಯಾರೆ ತಿಂಗಳದಾಗ ಇಟ್ರ ನೋಡೂಣು," ಅಂದರು.